ಚಾಮಯ್ಯ ಮೇಷ್ಟ್ರು ಸಾಧುವೇ?

ಪ್ರಶ್ನೆ: ಕೆ.ಎಸ್. ಅಶ್ವಥ್ ಅವರು 350ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದ್ದರೂ ನಮ್ಮ ಮನೆಯವರಿಗೆಲ್ಲ ನೆನಪಿರುವುದು ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರು ಮಾತ್ರ. ಜೀವನವಿಡೀ ಸಾಧು ಹಿರಿಯರ ಪಾತ್ರಗಳನ್ನೇ ಕೊಟ್ಟು ಚಿತ್ರರಂಗವು ಅವರನ್ನು ಒಂದೇ ಅಚ್ಚಿಗೆ ಇಳಿಸಿತಲ್ಲವೇ?
– ಓದುಗರೊಬ್ಬರು, ಮಂಡ್ಯ

ಉತ್ತರ: ಅಚ್ಚು ಇದ್ದದ್ದು ನಿಜ. ಮಗಳ ಮದುವೆಯ ಚಿಂತೆಯಲ್ಲಿ ಕೊರಗುವ ತಂದೆಯ ಪಾತ್ರಗಳಲ್ಲಿ ಅವರಿಗೆ ಮಾಡಲು ಹೆಚ್ಚೇನೂ ಇರಲಿಲ್ಲ. ಆದರೆ ತಾವು ಸಾಕ್ಷಿಗೆ ಕರೆದಿರುವ ಚಾಮಯ್ಯ ಮೇಷ್ಟ್ರೇ ತಮ್ಮ ವಾದಕ್ಕೆ ವಿರುದ್ಧವಾಗಿ ನುಡಿಯುತ್ತಾರೆ.

1925ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಅಶ್ವಥ್, ನಾಟಕಗಳಲ್ಲಿ, ಅದರಲ್ಲೂ ಮುಖ ಕಾಣದೆ ದನಿಯೊಂದರಿಂದಲೇ ಕೇಳುಗರನ್ನು ಹಿಡಿದಿಡಬೇಕಾದ ಆಕಾಶವಾಣಿ ನಾಟಕಗಳಲ್ಲಿ ಮಾತನ್ನು ಪಳಗಿಸಿಕೊಂಡು, 1955ರ ‘ಸ್ತ್ರೀರತ್ನ’ದ ಮೂಲಕ ತೆರೆಗೆ ಬಂದರು. ರಾಜ್‌ಕುಮಾರ್ ಅವರಿಗಿಂತ ಅವರು ಹಿರಿಯರಾಗಿದ್ದುದು ನಾಲ್ಕೇ ವರ್ಷ. ಆದರೂ ‘ಕಸ್ತೂರಿ ನಿವಾಸ’ದಲ್ಲಿ (1971), ರಾಜ್‌ಕುಮಾರ್ ನಟಿಸಿದ ಯಜಮಾನನ ಸಿರಿಯೆಲ್ಲ ಕರಗಿದ ಮೇಲೂ ಅವನ ಜೊತೆ ಬಿಡದ ಸೇವಕ ರಾಮಯ್ಯನಾಗಿ ಅವರು ನಿಂತಾಗ ನಮಗೆ ಕಾಣುವುದು ಒಂದು ತಲೆಮಾರಿನ ಅಂತರ. ಅದು ಮೇಕಪ್ಪಿನಿಂದ ಮಾತ್ರ ಬರುವಂಥದ್ದಲ್ಲ.

ಮರುವರ್ಷವೇ ಬಂದದ್ದು, ತ.ರಾ.ಸು. ಅವರ ಕಾದಂಬರಿಗಳನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ ‘ನಾಗರಹಾವು’. ಮಕ್ಕಳಿಲ್ಲದ ಚಾಮಯ್ಯನವರು ಊರೆಲ್ಲ ದೂರುವ ರಾಮಾಚಾರಿಯನ್ನು ಮಗನಂತೆ ಕಾಣುತ್ತಾರೆ. ನಾವು ನೆನಪಿಟ್ಟುಕೊಂಡಿರುವುದು ಇಷ್ಟನ್ನೇ. ಆದರೆ ಶಿಷ್ಯನ ಗುರುಭಕ್ತಿಯನ್ನೇ ಹಿಡಿದು ಅವನು ಪ್ರೀತಿಸಿದ ಅಲಮೇಲುವನ್ನು ಅವನಿಂದ ಬಿಡಿಸುವವರೂ, ಮುಂದೆ ಅವನು ಒಲಿದ ಮಾರ್ಗರೆಟ್ಟಳ ವಿಷಯದಲ್ಲಿ ಅಡ್ಡ ನಿಲ್ಲುವವರೂ ಇದೇ ಮೇಷ್ಟ್ರು. ಆ ಶಿಷ್ಯನೊಡನೆ ನಡೆದ ಜಟಾಪಟಿಯಲ್ಲೇ ಅವರು ಬೆಟ್ಟದಿಂದ ಬಿದ್ದು ಸಾಯುತ್ತಾರೆ. ಕೇಡು ಬಯಸದ ಮನುಷ್ಯನಿಂದಲೇ ಎರಡು ಮೂರು ಬದುಕುಗಳು ಹಾಳಾಗುವ ಈ ಪಾತ್ರವನ್ನು ಬೇರೆ ನಟನಾಗಿದ್ದರೆ ಗದರಿಕೆಯಿಂದಲೋ ಕಣ್ಣೀರಿನಿಂದಲೋ ನಿಭಾಯಿಸುತ್ತಿದ್ದನೇನೋ. ಅಶ್ವಥ್ ಅವರು ತಮ್ಮ ಮೃದು ದನಿಯನ್ನೇ ಬಳಸಿದರು. ರಾಮಾಚಾರಿಯನ್ನು ಕಟ್ಟಿಹಾಕುವುದು ಆ ಮೃದುತ್ವವೇ. ಬೈಗುಳಕ್ಕೆ ಅವನು ತಿರುಗಿ ಬೀಳಬಲ್ಲ, ಆದರೆ ಪ್ರೀತಿಯಿಂದ ಕೇಳಿದ್ದನ್ನು ಇಲ್ಲವೆನ್ನಲಾರ. ತಾನು ತಪ್ಪು ಮಾಡುತ್ತಿದ್ದೇನೆಂಬ ಅನುಮಾನದ ಎಳೆಯೂ ಮೇಷ್ಟ್ರ ಮುಖದಲ್ಲಿ ಸುಳಿಯುವುದಿಲ್ಲ. ಇದನ್ನು ಸಾಧು ಪಾತ್ರವೆಂದು ಕರೆಯಲು ನನಗಂತೂ ಮನಸ್ಸು ಬರುವುದಿಲ್ಲ.

ಅವರು ತೊಂಬತ್ತರ ದಶಕದ ನಡುವೆ ನಟನೆಯಿಂದ ದೂರ ಸರಿದು, 2000ದಲ್ಲಿ ‘ಶಬ್ದವೇಧಿ’ಯಲ್ಲಿ ಮತ್ತೊಮ್ಮೆ ಕಾಣಿಸಿಕೊಂಡರು, 2010ರ ಜನವರಿ 18ರಂದು ಮೈಸೂರಿನಲ್ಲೇ ನಿಧನರಾದರು. ಚಿತ್ರರಂಗವನ್ನು ದೂರುವುದಾದರೆ, ಹಿರಿಯರ ಪಾತ್ರ ಕೊಟ್ಟದ್ದಕ್ಕಿಂತ ಹೆಚ್ಚಾಗಿ, ಚಾಮಯ್ಯನವರಷ್ಟು ಸಿಕ್ಕುಗಳಿರುವ ಹಿರಿಯರನ್ನು ವಿರಳವಾಗಿ ಬರೆದದ್ದಕ್ಕೆ ದೂರಬೇಕು. ಬಿಡುವಾದಾಗ ‘ಕಸ್ತೂರಿ ನಿವಾಸ’ ಮತ್ತು ‘ನಾಗರಹಾವು’ ಚಿತ್ರಗಳನ್ನು ಒಂದರ ಹಿಂದೊಂದು ನೋಡಿ, ಅಶ್ವಥ್ ಅವರು ಎದುರಿನವರ ಮಾತನ್ನು ಕೇಳಿಸಿಕೊಳ್ಳುವ ಸಂದರ್ಭಗಳನ್ನು ವಿಶೇಷವಾಗಿ ಗಮನಿಸಿ. ರಾಮಯ್ಯ ಕೇಳಿಸಿಕೊಳ್ಳುವುದು ಯಜಮಾನನ ಮನಸ್ಸನ್ನು ಅರಿಯುವುದಕ್ಕೆ. ಚಾಮಯ್ಯನವರಾದರೋ ಉತ್ತರವನ್ನು ಮೊದಲೇ ನಿಶ್ಚಯಿಸಿಕೊಂಡು ಕೇಳಿಸಿಕೊಳ್ಳುತ್ತಾರೆ.