ಗುಡಿಯ ಶಕ್ತಿಯಿಂದ ಗಿರಣಿ ಓಡಬೇಕಾದರೆ

ನಿಮ್ಮ ಕಥೆಯಲ್ಲಿ ಚಿತ್ರದುರ್ಗದ ಕೋಟೆಯ ಒಂದು ಗುಡಿಯ ಮಂತ್ರಶಕ್ತಿಯಿಂದ ಹಿಟ್ಟಿನ ಗಿರಣಿ ಓಡಬೇಕು, ಯಂತ್ರ ಹೇಗಿದ್ದರೆ ಓದುವವರು ನಂಬುತ್ತಾರೆ ಅಂತ ಕೇಳಿದ್ದೀರಿ.

ಶಕ್ತಿ ಸುಮ್ನೆ ಇದ್ದರೆ ಸಾಲದು, ಹರಿಯಬೇಕು. ನೀರು ಮೇಲಿಂದ ಕೆಳಗೆ ಬಿದ್ದರೆ ತಾನೇ ಚಕ್ರ ತಿರುಗುವುದು? ಉಗಿ ಯಂತ್ರಕ್ಕೂ ಒಂದು ಕಡೆ ಬಿಸಿ, ಇನ್ನೊಂದು ಕಡೆ ತಂಪು ಬೇಕೇ ಬೇಕು. ಫ್ರಾನ್ಸಿನ ಎಂಜಿನಿಯರ್ ಸಾದಿ ಕಾರ್ನೋ 1824ರಲ್ಲೇ ಇದನ್ನು ಬರೆದಿಟ್ಟಿದ್ದರು. ಹಾಗಾಗಿ ನಿಮ್ಮ ಮಂತ್ರಶಕ್ತಿಗೂ ಒಂದು ಎತ್ತರ, ಒಂದು ತಗ್ಗು ಕೊಡಿ. ಜಪ ನಡೆಯುವ ಗರ್ಭಗುಡಿ ಎತ್ತರ. ಯಾರೂ ಮಾತಾಡದ ಹಳೇ ಬಾವಿ ತಗ್ಗು. ನಡುವೆ ಚಕ್ರ ಇಡಿ.

ರೂಪಕ್ಕೆ ಕೋಟೆಯಲ್ಲೇ ಮಾದರಿ ಇದೆ. ಸಿಡಿಮದ್ದು ಬೀಸುವ ಜಾಗ ನೋಡಿದ್ದೀರಾ? ಹೊಂಡದೊಳಗೆ ನಾಲ್ಕು ದೊಡ್ಡ ಬೀಸುವ ಕಲ್ಲುಗಳಿವೆ. ಹೋದ ಬೇಸಿಗೆಯಲ್ಲಿ ಒಂದರ ಅಂಚಿಗೆ ಕೈ ಇಟ್ಟಿದ್ದೆ. ಬಿಸಿಲಿಗೆ ಕಾದು ಚುರ್ ಅಂದಿತು. ಒಮ್ಮೆ ತಳ್ಳಿ ನೋಡಿದೆ, ಕೂದಲೆಳೆಯಷ್ಟೂ ಅಲುಗಲಿಲ್ಲ. ಆ ಭಾರ ನಿಮ್ಮ ಕಥೆಯಲ್ಲಿ ಕಾಣಬೇಕು.

ಲೆಕ್ಕವನ್ನೂ ಇಡಿ. ಒಂದು ಎಚ್‌ಪಿ (ಅಶ್ವಶಕ್ತಿ) ಅಂದರೆ ಸುಮಾರು 746 ವ್ಯಾಟ್. ನಿಮ್ಮ ಗಿರಣಿಗೆ 10 ಎಚ್‌ಪಿ ಬೇಕು, ಒಬ್ಬರ ಜಪದಿಂದ ಅರ್ಧ ಎಚ್‌ಪಿ ಬರುತ್ತದೆ ಅಂತಿಟ್ಟುಕೊಳ್ಳಿ. ಆಗ 20 ಜನ ಕೂರಬೇಕು. ಅವರ ಗಂಟಲು ಕಟ್ಟಬೇಕು. ಬೇರಿಂಗ್ ಬಿಸಿಯಾಗಬೇಕು, ಯಾರಾದರೂ ಎಣ್ಣೆ ಬಿಡಬೇಕು. ದಣಿವೇ ಇಲ್ಲದೆ ಓಡುವ ಯಂತ್ರವನ್ನು ಯಾರೂ ನಂಬುವುದಿಲ್ಲ, ಅಲ್ವಾ?

ಮೊದಲ ಅಧ್ಯಾಯ ಆದಮೇಲೆ ಇಲ್ಲೇ ಹಾಕಿ, ಖಂಡಿತ ಓದುತ್ತೇನೆ.