ಬೆಕ್ಕಿನ ಮುಖದ ಹಾಡುಗಾರ್ತಿ

ಪತ್ರ: ಮಾನ್ಯರೇ, ರಜಾ ಸಂಚಿಕೆಯಲ್ಲಿ ‘ಮಕ್ಕಳ ಜೊತೆ ಕೂತು ನೋಡಿ’ ಎಂದು ನೀವು ಬರೆದಿದ್ದ ಜಪಾನಿನ ಅನಿಮೇಷನ್ ಸಿನಿಮಾ ‘ಬೆಲ್’ ನೋಡಿದೆವು. ಬಣ್ಣ, ಹಾಡು ಎಲ್ಲ ಚೆನ್ನಾಗಿದೆ. ಆದರೆ ನನ್ನ ಹದಿನಾಲ್ಕು ವರ್ಷದ ಮಗಳು ಮೊದಲೇ ಇಂಟರ್ನೆಟ್ಟಿನಲ್ಲಿ ತನ್ನ ಫೋಟೋ ಹಾಕುವುದಿಲ್ಲ. ಬೆಕ್ಕಿನ ಚಿತ್ರ ಇಟ್ಟುಕೊಂಡು, ಬೇರೆ ಹೆಸರಿನಲ್ಲಿ ಹಾಡು ಹಾಕುತ್ತಾಳೆ. ಈಗ ‘ನೋಡಮ್ಮ, ಸಿನಿಮಾದ ಹುಡುಗಿಯೂ ಹಾಗೇ ಮಾಡ್ತಾಳೆ’ ಎನ್ನುತ್ತಿದ್ದಾಳೆ. ತನ್ನನ್ನು ತಾನು ಒಪ್ಪಿಕೊಳ್ಳುವುದು ಅಂದರೆ ಮುಖ ಮುಚ್ಚಿಕೊಳ್ಳುವುದಾ? ಇಂಥ ಸಿನಿಮಾ ಮಕ್ಕಳಿಗೆ ಯಾಕೆ ಹೇಳಿದಿರಿ?
— ಒಬ್ಬ ತಾಯಿ, ಶಿವಮೊಗ್ಗ (ದಯವಿಟ್ಟು ಹೆಸರು ಹಾಕಬೇಡಿ)

ಉತ್ತರ: ಹೆಸರು ಹಾಕಿಲ್ಲ ಅಮ್ಮಾ. ಮುಖ ಮುಚ್ಚಿಕೊಳ್ಳುವುದು ಸರಿಯಾ ಎಂದು ಕೇಳುವ ಪತ್ರದ ಕೊನೆಯಲ್ಲಿ ನೀವೇ ಈ ಸಾಲು ಬರೆದಿದ್ದೀರಿ, ಗಮನಿಸಿದಿರಾ? ತಮಾಷೆಗೆ ಹೇಳಿದೆ, ಬೇಜಾರು ಮಾಡಿಕೊಳ್ಳಬೇಡಿ. ನನ್ನ ಮೇಜಿಗೆ ಬರುವ ಒಳ್ಳೆಯ ಪತ್ರಗಳಲ್ಲಿ ಈ ಸಾಲು ಇದ್ದೇ ಇರುತ್ತದೆ. ಪೂರ್ತಿ ವಿಳಾಸ, ಪಿನ್ ಕೋಡ್ ಸಮೇತ ಬರೆಯುವವರು ಬೀದಿದೀಪದ ಬಗ್ಗೆ ಬರೆಯುತ್ತಾರೆ. ಹೆಸರು ಬೇಡ ಎನ್ನುವವರು ಮನೆಯೊಳಗಿನ ಮಾತು ಬರೆಯುತ್ತಾರೆ.

ನಿಮ್ಮ ಭಯ ಸುಳ್ಳಲ್ಲ, ಒಪ್ಪಿದೆ. ಸುಳ್ಳು ಹೆಸರಿನ ಹಿಂದೆ ಕೂತು ಹೊಲಸು ಬರೆಯುವವರು, ಮಕ್ಕಳಿಗೆ ಗಾಳ ಹಾಕುವವರು ಬೇಕಾದಷ್ಟು ಇದ್ದಾರೆ. ಮಗಳು ಯಾರ ಜೊತೆ ಮಾತಾಡುತ್ತಾಳೆ ಎಂದು ಕಣ್ಣಿಡಿ. ಆದರೆ ಬೆಕ್ಕನ್ನು ಓಡಿಸಬೇಡಿ.

ಸಿನಿಮಾ ನೋಡದವರಿಗಾಗಿ ಕಥೆ ಸ್ವಲ್ಪ ಹೇಳುತ್ತೇನೆ, ಕೊನೆಯೂ ಹೊರಬೀಳುತ್ತದೆ, ಕ್ಷಮಿಸಿ. ಮಮೊರು ಹೊಸೊಡ 2021ರಲ್ಲಿ ಮಾಡಿದ ಚಿತ್ರ ಇದು. ಆ ವರ್ಷವೇ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು. ಇಂಟರ್ನೆಟ್ ಲೋಕ ಈ ಮನುಷ್ಯನಿಗೆ ಹಳೆಯ ಗೀಳು. 2009ರ ‘ಸಮ್ಮರ್ ವಾರ್ಸ್’ನಲ್ಲೂ ಅದೇ ಇತ್ತು. ಜಪಾನಿನ ಕೊಚಿ ಪ್ರಾಂತ್ಯದ ಒಂದು ಹಳ್ಳಿಯಲ್ಲಿ ಸುಜು ಎಂಬ ಹದಿನೇಳರ ಹುಡುಗಿ. ಅವಳು ಚಿಕ್ಕವಳಿದ್ದಾಗ, ಉಕ್ಕಿದ ಹೊಳೆಯಲ್ಲಿ ಸಿಕ್ಕಿಕೊಂಡ ಯಾರದೋ ಮಗುವನ್ನು ಉಳಿಸಲು ಹೋಗಿ ತಾಯಿ ಸತ್ತಳು. ಮಗು ಉಳಿಯಿತು. ಆಮೇಲೆ ಏನಾಯಿತು ನೆನಪಿದೆಯಲ್ಲ? ‘ಸ್ವಂತ ಮಗಳನ್ನು ಬಿಟ್ಟು ಊರವರ ಮಗುವಿಗಾಗಿ ಹೋದಳಲ್ಲ’ ಎಂದು ಇಂಟರ್ನೆಟ್ಟಿನಲ್ಲಿ ಯಾರ್ಯಾರೋ ಬರೆದರು. ಸುಜುಗೆ ಸಂಗೀತ ಹತ್ತಿದ್ದು ತಾಯಿಯಿಂದ. ತಾಯಿ ಹೋದ ಮೇಲೆ ಹಾಡಲು ಬಾಯಿ ತೆರೆದರೆ ವಾಂತಿ ಬರುತ್ತದೆ.

ಅಂಥವಳು ‘ಯು’ ಎಂಬ, ಐನೂರು ಕೋಟಿ ಜನರಿರುವ ಡಿಜಿಟಲ್ ಲೋಕಕ್ಕೆ ಹೋಗುತ್ತಾಳೆ. ಅಲ್ಲಿ ಎಲ್ಲರಿಗೂ ಒಂದೊಂದು ಅವತಾರ. (ನಮ್ಮದೇ ಪದ. ಕಂಪ್ಯೂಟರಿನವರು ಎರವಲು ತಗೊಂಡು ನಮಗೇ ವಾಪಸ್ ಮಾರುತ್ತಿದ್ದಾರೆ.) ಸುಜು ಅಂದರೆ ಪುಟ್ಟ ಗಂಟೆ. ಅದಕ್ಕೇ ಅಲ್ಲಿ ಅವಳು ‘ಬೆಲ್’. ಅವತಾರ ಭಾರೀ ಸುಂದರಿ, ಆದರೆ ಸುಜುವಿನ ಕೆನ್ನೆಯ ಮೇಲಿನ ಕಂದು ಚುಕ್ಕೆಗಳು ಆ ಮುಖದಲ್ಲೂ ಹಾಗೇ ಉಳಿದಿವೆ. ಹಳ್ಳಿಯಲ್ಲಿ ಬಾಯಿ ಬಾರದವಳು ಅಲ್ಲಿ ಹಾಡುತ್ತಾಳೆ. ಹಾಗಾದರೆ ಆ ಮುಖವಾಡ ಏನನ್ನು ಮುಚ್ಚಿತು, ಹೇಳಿ? ಹೆಸರು ಅವಳದೇ. ಚುಕ್ಕೆ ಅವಳದೇ. ದನಿಯಂತೂ ಅವಳದೇ.

ಇಲ್ಲಿ ನನಗೆ ಬೇಂದ್ರೆ ನೆನಪಾಗುತ್ತಾರೆ. ‘ಅಂಬಿಕಾತನಯದತ್ತ’ ಅಂದರೆ ಅಂಬಿಕೆಯ ಮಗ ದತ್ತ. ಕಾವ್ಯನಾಮದೊಳಗೆ ಅಮ್ಮನನ್ನೇ ಕೂರಿಸಿಕೊಂಡ ಮನುಷ್ಯ ಬಚ್ಚಿಟ್ಟುಕೊಂಡಿದ್ದನೋ, ಬಿಚ್ಚಿಕೊಂಡಿದ್ದನೋ? ಮಾಸ್ತಿ ‘ಶ್ರೀನಿವಾಸ’ ಆದರು. ಅನಸೂಯಾ ಶಂಕರ್ ‘ತ್ರಿವೇಣಿ’ ಆಗಿ ಹೆಂಗಸರ ಮನಸ್ಸಿನ ಸಂಕಟಗಳನ್ನು ಬರೆದರು. ವೈದೇಹಿಯವರದು ಇನ್ನೂ ಸ್ವಾರಸ್ಯದ ಕಥೆ. ಜಾನಕಿ ಎಂಬ ಹುಡುಗಿ ‘ಸುಧಾ’ಕ್ಕೆ ಕಥೆ ಕಳಿಸಿದಳು. ಆಮೇಲೆ ಅಳುಕಾಯಿತು, ಅದರಲ್ಲಿ ನಿಜವಾಗಿ ನಡೆದದ್ದು ಇತ್ತು. ಪ್ರಕಟಿಸಬೇಡಿ ಎಂದು ಬರೆದಳು. ಸಂಪಾದಕರು ಬಿಡಲಿಲ್ಲ, ‘ವೈದೇಹಿ’ ಎಂದು ಹೆಸರು ಬದಲಿಸಿ ಪ್ರಕಟಿಸಿಯೇಬಿಟ್ಟರು. ಜಾನಕಿಯೂ ಸೀತೆ, ವೈದೇಹಿಯೂ ಸೀತೆ. ಮುಖವಾಡ ಅಂದರೆ ಇಷ್ಟೇ ದಪ್ಪ ನೋಡಿ. ಅಷ್ಟು ಮರೆ ಸಿಕ್ಕಿದ್ದಕ್ಕೆ ಆ ಕಥೆ ಹೊರಬಂತು. (ಕಸುಬಿನ ಹೆಮ್ಮೆ ಸ್ವಲ್ಪ ಇಣುಕಿದರೆ ಸಹಿಸಿಕೊಳ್ಳಿ.)

ನನ್ನದೂ ಒಂದು ಪುಟ್ಟ ಕಥೆ ಇದೆ. ಹತ್ತೊಂಬತ್ತನೇ ವಯಸ್ಸಿನಲ್ಲಿ ಕಾವ್ಯನಾಮ ಇಟ್ಟುಕೊಂಡು ಒಂದು ವಾರಪತ್ರಿಕೆಗೆ ಪದ್ಯ ಕಳಿಸಿದೆ. ವಿಷಾದಪತ್ರ ಬಂತು. ಅದು ನನಗೆ ಬಂದದ್ದಲ್ಲ, ಅವನಿಗೆ ಬಂದದ್ದು ಎಂದುಕೊಂಡು ನಿಶ್ಚಿಂತೆಯಿಂದ ಊಟ ಮಾಡಿದೆ. ಇನ್ನೊಂದು ಪದ್ಯ ಅಚ್ಚಾದಾಗ ಮಾತ್ರ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕ ಸಿಕ್ಕವರಿಗೆಲ್ಲ ‘ಅದು ನಾನೇ’ ಎಂದು ಹೇಳಿಕೊಂಡು ತಿರುಗಿದೆ. ಮುಖವಾಡವನ್ನು ಯಾರೂ ಕಿತ್ತುಕೊಳ್ಳಬೇಕಾಗಲಿಲ್ಲ.

ಕಿತ್ತುಕೊಳ್ಳುವವರು ಈ ಸಿನಿಮಾದಲ್ಲಿದ್ದಾರೆ. ಜಸ್ಟಿನ್ ಎಂಬ ಸ್ವಯಂಘೋಷಿತ ಪೊಲೀಸ್. ಬೆನ್ನ ಹಿಂದೆ ಪ್ರಾಯೋಜಕರ ಲೋಗೋಗಳು ಮಿನುಗುತ್ತಿರುತ್ತವೆ. ಯಾರ ಮೇಲಾದರೂ ಬೆಳಕು ಬಿಟ್ಟು ನಿಜ ಮುಖ ಬಯಲು ಮಾಡುತ್ತೇನೆ ಎಂದು ಹೆದರಿಸುವುದೇ ಅವನ ಕೆಲಸ. ‘ಯು’ನಲ್ಲಿ ಅವನು ಬೇಟೆಯಾಡುತ್ತಿರುವ ಡ್ರ್ಯಾಗನ್ ಅವತಾರದ ಹಿಂದೆ ಇರುವುದು ಯಾರು ಎಂದರೆ, ಅಪ್ಪನ ಹಿಂಸೆ ತಿನ್ನುತ್ತ ತಮ್ಮನನ್ನು ಕಾಯುತ್ತಿರುವ ಹದಿನಾಲ್ಕರ ಹುಡುಗ. ನಿಮ್ಮ ಮಗಳ ವಯಸ್ಸು. ಅವನ ಮುಖವಾಡ ಕಿತ್ತಿದ್ದರೆ ಯಾರಿಗೆ ಏನು ಸಿಗುತ್ತಿತ್ತು? ‘ಬೆಲ್ ನಾನೇ’ ಎಂದರೆ ಆ ಹುಡುಗ ನಂಬುವುದಿಲ್ಲ. ಅವನು ನಂಬಲಿ ಎಂದು ಸುಜು ಐನೂರು ಕೋಟಿ ಜನರ ಎದುರು ಶಾಲೆಯ ಯೂನಿಫಾರಂನಲ್ಲಿ, ಸ್ವಂತ ಮುಖದಲ್ಲಿ ನಿಂತು ಹಾಡುತ್ತಾಳೆ. ಅಮ್ಮ ಯಾಕೆ ಹೊಳೆಗೆ ಇಳಿದಳು ಎಂಬುದು ಅವಳಿಗೆ ಅರ್ಥವಾಗುವುದು ಅಲ್ಲಿ. ಆ ದೃಶ್ಯ ಬರುವ ಹೊತ್ತಿಗೆ ನೀವು ಫೋನ್ ನೋಡುತ್ತಿದ್ದಿರೇನೋ ಎಂಬ ಅನುಮಾನ ನನಗೆ. ಸುಮ್ನೆ ಕೇಳಿದೆ.

ಇನ್ನು ನಿಜವಾದ ಮುಖ ಎನ್ನುತ್ತೀರಲ್ಲ, ಅದು ಎಲ್ಲಿದೆ? ಹಿಂದೆ ನಮ್ಮ ಅಕ್ಕನಿಗೆ ಗಂಡು ಹುಡುಕುವಾಗ ಸ್ಟುಡಿಯೋದಲ್ಲಿ ಫೋಟೋ ತೆಗೆಸಿದರು. ಕೆನ್ನೆಯ ಮೇಲಿನ ಮಚ್ಚೆಯನ್ನು ಸ್ಟುಡಿಯೋದವನು ನೆಗೆಟಿವ್ ತಿದ್ದಿ ಮಾಯ ಮಾಡಿದ್ದ. ಗಂಡಿನ ಕಡೆಯವರು ಬಂದಾಗ ಅಕ್ಕ ಕಾಫಿ ಕೊಟ್ಟು ಒಳಗೆ ಬಂದು ಹೇಳಿದಳು, ‘ಅವರು ಒಪ್ಪಿರೋದು ನನ್ನನ್ನಲ್ಲ, ಫೋಟೋದವಳನ್ನು.’ ಈಗ ಆ ಸ್ಟುಡಿಯೋದವನು ಎಲ್ಲರ ಜೇಬಿನಲ್ಲೂ ಇದ್ದಾನೆ. ಬ್ಯೂಟಿ ಫಿಲ್ಟರ್ ಹಾಕಿದರೆ ಮೊದಲು ಅಳಿಸುವುದೇ ಮಚ್ಚೆ, ಚುಕ್ಕೆಗಳನ್ನು. ಆಮೇಲೆ ಬಣ್ಣ ಬಿಳಿ ಮಾಡುತ್ತದೆ. ಮೂಗು ತೆಳ್ಳಗಾಗುತ್ತದೆ. ಅದರ ಕೆಳಗೆ ನಿಜವಾದ ಹೆಸರು, ಊರು, ಓದಿದ ಕಾಲೇಜು! ಆ ಸುಳ್ಳಿಗಿಂತ ಬೆಕ್ಕು ಪ್ರಾಮಾಣಿಕ ಅಲ್ವಾ? ನೋಡಿದ ತಕ್ಷಣ ಇದು ನಾನಲ್ಲ ಎಂದು ಅದೇ ಹೇಳುತ್ತದೆ.

ಮುಖಗಳು ನಮಗೆ ಜಾಸ್ತಿಯಾಗಿವೆ. ಸರ್ಕಲ್ಲಿಗೆ ಹೋದರೆ ಹುಟ್ಟುಹಬ್ಬದ ಫ್ಲೆಕ್ಸಿನಲ್ಲಿ ಸ್ಟಾಂಪ್ ಗಾತ್ರದ ನಲವತ್ತು ಮುಖ. ರಿಸಲ್ಟ್ ಬಂದರೆ ಟ್ಯೂಷನ್ನಿನ ಗೋಡೆಯ ಮೇಲೆ ಮಾರ್ಕ್ಸ್ ಸಮೇತ ಮಕ್ಕಳ ಮುಖ. ನಾಮಕರಣ, ಮೊದಲ ಹಲ್ಲು, ಬಚ್ಚಲಮನೆಯ ಎಣ್ಣೆ ಸ್ನಾನ, ಎಲ್ಲ ಫ್ಯಾಮಿಲಿ ಗ್ರೂಪಿಗೆ. ಅಲ್ಲಿಂದ ಎಲ್ಲಿಗೆ ಹೋಗುತ್ತದೋ ಆ ಶಿವನೇ ಬಲ್ಲ. ಮಗುವನ್ನು ಯಾರಾದರೂ ಕೇಳಿದರಾ? ಹದಿನಾಲ್ಕು ವರ್ಷ ಹೀಗೆ ಹಂಚಿಸಿಕೊಂಡ ಹುಡುಗಿ, ಇನ್ನು ನನ್ನ ಮುಖ ಬೇಡ, ದನಿ ಮಾತ್ರ ಕೇಳಿ ಎಂದರೆ ಮನೆಯವರಿಗೆ ಗಾಬರಿ. ಅವಳ ಹಳೆಯ ಫೋಟೋ ನಿಮ್ಮ ಫೋನಿನಿಂದ ಎಷ್ಟು ಹೋಗಿವೆ ಎಂದು ನಾನು ಕೇಳುವುದಿಲ್ಲ. ಮೊಮ್ಮಗನ ವಿಷಯದಲ್ಲಿ ನನ್ನ ಕೈಯೂ ಶುದ್ಧವಿಲ್ಲ.

ಸಿನಿಮಾದಲ್ಲಿ ಇನ್ನೊಂದಿದೆ, ಬೇಗ ದಾಟಿಹೋಗುತ್ತದೆ. ಹಳ್ಳಿಯ ಭಜನಾಮಂಡಳಿಯಂಥ ಒಂದು ಗುಂಪಿನಲ್ಲಿ ಹಾಡುವ ನಡುವಯಸ್ಸಿನ ಹೆಂಗಸರಿದ್ದಾರಲ್ಲ, ಅವರಿಗೆ ಬೆಲ್ ಯಾರು ಎಂದು ಆಗಲೇ ಗೊತ್ತಿರುತ್ತದೆ. ಯಾರೂ ಹೇಳಿರುವುದಿಲ್ಲ. ಗೊತ್ತಿದ್ದೂ ಬಾಯಿ ಬಿಟ್ಟಿರುವುದಿಲ್ಲ.

ನಿಮ್ಮ ಪತ್ರವನ್ನು ಮೂರು ಸಲ ಓದಿದೆ. ಬೆಕ್ಕಿನ ಚಿತ್ರ ಇದೆ, ಬೇರೆ ಹೆಸರು ಇದೆ, ಸಿನಿಮಾದ ಬಣ್ಣವೂ ಇದೆ. ಮಗಳು ಹೇಗೆ ಹಾಡುತ್ತಾಳೆ ಎಂದು ಮಾತ್ರ ಎಲ್ಲೂ ಇಲ್ಲ. ಕೇಳಿ, ಬರೆಯಿರಿ. ಹೆಸರು ಹಾಕುವುದಿಲ್ಲ.

— ಸಂ.