ಹಾಸ್ಯಚಿತ್ರಕ್ಕೆ ಬೆಳಕು ಸುರಿದರೆ ಸಾಕೇ?

ಪ್ರಿಯ ಓದುಗರೇ,

ನಿಮ್ಮ ನಾಲ್ಕು ಪುಟದ ಪತ್ರ ತಲುಪಿತು. ಫಿನ್ಲೆಂಡಿನ 1951ರ ಹಾಸ್ಯಚಿತ್ರ ‘ರಾಡಿಯೊ ತೆಕೇ ಮುರ್ರೊನ್’ ನೋಡಿ ಹೊಟ್ಟೆ ಹುಣ್ಣಾಗುವಷ್ಟು ನಕ್ಕಿದ್ದಾಗಿ ಬರೆದಿದ್ದೀರಿ. ಕೊನೆಯಲ್ಲೊಂದು ಆಕ್ಷೇಪವಿದೆ: ಕಳೆದ ಸಂಚಿಕೆಯಲ್ಲಿ ಆ ಚಿತ್ರದ ಛಾಯಾಗ್ರಾಹಕ ಓಸ್ಮೊ ಹರ್ಕಿಮೊ ಅವರಿಗೆ ಇಡೀ ಪುಟ ಕೊಟ್ಟಿದ್ದೇಕೆ, ಹಾಸ್ಯಚಿತ್ರಕ್ಕೆ ನಾಲ್ಕೂ ಕಡೆಯಿಂದ ಬೆಳಕು ಸುರಿದು ನಟರ ಎದುರು ಕ್ಯಾಮೆರಾ ನಿಲ್ಲಿಸಿದರೆ ಸಾಲದೇ?

ಸಾಲದು. ಈ ಮಾತನ್ನು ಬಹಳ ವರ್ಷಗಳಿಂದ ಕೇಳುತ್ತ ಬಂದಿದ್ದೇನೆ, ಪ್ರತಿ ಸಲವೂ ಮನಸ್ಸಿಗೆ ನೋವಾಗುತ್ತದೆ. ಆದ್ದರಿಂದ ಉತ್ತರ ಸ್ವಲ್ಪ ಉದ್ದವಾದರೆ ಸಹಿಸಿಕೊಳ್ಳಿ.

ನೀವು ನಕ್ಕ ಕಥೆಯನ್ನೇ ತೆಗೆದುಕೊಳ್ಳೋಣ. ರೇಡಿಯೋ ವರದಿಗಾರನೊಬ್ಬ ಕೇಳುಗರಿಗೆ ರೋಮಾಂಚನ ಕೊಡಲೆಂದು ಕಲಾ ಸಂಗ್ರಹಾಲಯಕ್ಕೆ ಕನ್ನ ಹಾಕುವ ಕಾರ್ಯಕ್ರಮ ಮಾಡುತ್ತಾನೆ. ಆ ಆಟವೇ ಅವನ ಕೊರಳಿಗೆ ಸುತ್ತಿಕೊಳ್ಳುತ್ತದೆ. ವರದಿಗಾರನ ಪಾತ್ರ ಹನ್ನೆಸ್ ಹ್ಯಾಯ್ರಿನೆನ್ ಅವರದು, ನಿರ್ದೇಶನ ಮಟ್ಟಿ ಕಸ್ಸಿಲ ಅವರದು. ಇಂಥ ಕಥೆಯಲ್ಲಿ ಛಾಯಾಗ್ರಾಹಕನ ಪಾಡು ಯೋಚಿಸಿ. ಕಟ್ಟಡ ಕತ್ತಲಾಗಿರದಿದ್ದರೆ ಕಳ್ಳತನವನ್ನು ಯಾರೂ ನಂಬುವುದಿಲ್ಲ. ಕತ್ತಲು ಹೆಚ್ಚಾದರೆ ನಟನ ಹುಬ್ಬು ಮೇಲೇರಿದ್ದು ಕಾಣುವುದಿಲ್ಲ, ಹುಬ್ಬು ಕಾಣದಿದ್ದರೆ ನಗೆ ಸತ್ತಂತೆ. ಕಪ್ಪು ಬಿಳುಪಿನಲ್ಲಿ ಕತ್ತಲನ್ನೂ ಬೆಳಕಿನಿಂದಲೇ ಕಟ್ಟಬೇಕು. ಹಿಂದಿನಿಂದ ಬಿಟ್ಟ ಬೆಳಕಿನ ಒಂದು ತೆಳು ಅಂಚು ಕಪ್ಪು ಕೋಟನ್ನು ಕಪ್ಪು ಗೋಡೆಯಿಂದ ಬಿಡಿಸುತ್ತದೆ. ಕ್ಯಾಮೆರಾದ ಪಕ್ಕದಲ್ಲೇ ಇಟ್ಟ ಸಣ್ಣ ಮೆದು ದೀಪ ಕಣ್ಣಿಗೆ ಜೀವ ಕೊಡುತ್ತದೆ. ಅದು ಒಂದಿಷ್ಟು ಹೆಚ್ಚಾದರೂ ರಾತ್ರಿ ಹೋಗಿ ಸಂಜೆಯಾಗಿಬಿಡುತ್ತದೆ.

ಹೊರಾಂಗಣದಲ್ಲಿ ಕಷ್ಟ ಬೇರೆ ಬಗೆಯದು. ಹೆಲ್ಸಿಂಕಿಯಲ್ಲಿ ಜೂನ್ ತಿಂಗಳ ಹಗಲು ಸುಮಾರು 19 ಗಂಟೆ, ಡಿಸೆಂಬರಿನಲ್ಲಿ ಆರು ಗಂಟೆಯೂ ತುಂಬುವುದಿಲ್ಲ. ಬೇಸಿಗೆಯಲ್ಲಿ ರಾತ್ರಿಯ ದೃಶ್ಯ ತೆಗೆಯಲು ಹೊರಟರೆ ಆಕಾಶ ಕಪ್ಪಾಗುವುದೇ ಇಲ್ಲ. ಚಳಿಗಾಲದಲ್ಲಿ ಕ್ಯಾಮೆರಾವನ್ನು ಹಿಮದ ಬಿಳುಪಿಗೆ ಹೊಂದಿಸಿದರೆ ಮುಖ ಮಸಿಯಾಗುತ್ತದೆ, ಮುಖಕ್ಕೆ ಹೊಂದಿಸಿದರೆ ಹಿಮ ಸುಣ್ಣದ ಗೋಡೆಯಾಗುತ್ತದೆ.

ಇನ್ನು ಆ ಕಾಲದ ಸಂಗತಿ. ಯುದ್ಧದಿಂದ ಬಳಲಿದ ಜನ ನಗಲು ಚಿತ್ರಮಂದಿರಕ್ಕೆ ಬರುತ್ತಿದ್ದರು. ಈ ಚಿತ್ರ ತಯಾರಿಸಿದ ಸುವೊಮೆನ್ ಫಿಲ್ಮಿತೆವೊಲ್ಲಿಸೂಸ್ ಸಂಸ್ಥೆ 1933ರಿಂದ 1965ರವರೆಗೆ ಇನ್ನೂರಕ್ಕೂ ಹೆಚ್ಚು ಕಥಾಚಿತ್ರಗಳನ್ನು ಹೊರತಂದಿತು. ಅದರ ಯಜಮಾನ ಟಿ. ಜೆ. ಸರ್ಕ್ಕ. ಅದೇ 1951ರಲ್ಲಿ ಅಲ್ಲಿಂದಲೇ ಬಂದ ‘ರೊವನಿಯೆಮೆನ್ ಮಾರ್ಕ್ಕಿನೊಯಿಲ್ಲ’ ಎಂಬ ಹಾಡು ಹಾಸ್ಯದ ಚಿತ್ರಕ್ಕೆ ಜನ ಮುಗಿಬಿದ್ದರು. ಅದರ ಹಾಡಿನ ಪಲ್ಲವಿಯಿಂದ ಹುಟ್ಟಿದ ‘ರಿಲ್ಲುಮರೇಯ್’ ಎಂಬ ಪದವನ್ನು ವಿಮರ್ಶಕರು ಬೈಗುಳದಂತೆ ಬಳಸಿದರು. ಆ ತಾತ್ಸಾರದ ಧೂಳು ಹಾಸ್ಯಚಿತ್ರಗಳ ಕ್ಯಾಮೆರಾ ಹಿಡಿದವರ ಮೇಲೂ ಕೂತಿತೆಂದೇ ನನ್ನ ಎಣಿಕೆ.

ಹರ್ಕಿಮೊ ಕೈಚಳಕ ಎಂಥದೆಂದು ತಿಳಿಯಲು ಅವರ ಇನ್ನೆರಡು ಚಿತ್ರ ನೋಡಿ. ಕಸ್ಸಿಲ ಅವರದೇ ನಿರ್ದೇಶನದ 1954ರ ‘ಸಿನಿನೆನ್ ವೀಕ್ಕೊ’, ಅಂದರೆ ‘ನೀಲಿ ವಾರ’, ಬೇಸಿಗೆಯ ಕಡಲ ತೀರದಲ್ಲಿ ನಡೆಯುವ ಪ್ರೇಮಕಥೆ. ನಗೆಯ ಸುಳಿವೇ ಇಲ್ಲ, ಬಿಸಿಲು ಮತ್ತು ನೀರೇ ಅರ್ಧ ಕಥೆ ಹೇಳುತ್ತವೆ. ಮರುವರ್ಷ ಎಡ್ವಿನ್ ಲೈನೆ ನಿರ್ದೇಶಿಸಿದ ಯುದ್ಧಚಿತ್ರ ‘ಅಜ್ಞಾತ ಸೈನಿಕ’ದ ಛಾಯಾಗ್ರಾಹಕರಲ್ಲಿ ಅವರೂ ಒಬ್ಬರು. ಸೈನ್ಯ ನೆರವು ಕೊಡಲಿಲ್ಲ. ನಿಜವಾದ ಯುದ್ಧದ ಹಳೆಯ ತುಣುಕುಗಳನ್ನೂ ಹೊಸ ದೃಶ್ಯಗಳ ಜೊತೆ ಸೇರಿಸಬೇಕಾಯಿತು. ಸುಮಾರು 42 ಲಕ್ಷ ಜನರ ಆ ನಾಡಿನಲ್ಲಿ 28 ಲಕ್ಷ ಟಿಕೆಟ್ ಮಾರಾಟವಾದ ಚಿತ್ರವದು. ನಾಲ್ಕೇ ವರ್ಷಗಳಲ್ಲಿ ಕಳ್ಳನ ಕತ್ತಲು, ಕಡಲ ಬಿಸಿಲು, ಕಂದಕದ ಮಬ್ಬು. ಒಂದರ ಬೆಳಕು ಇನ್ನೊಂದಕ್ಕೆ ಹೊಂದುವುದಿಲ್ಲ.

ಆ ಪುಟ ಕೊಟ್ಟಿದ್ದು ಇದಕ್ಕಾಗಿ, ಎರಡು ಪುಟ ಕೊಡಬೇಕಿತ್ತೆಂದು ಈಗ ಅನ್ನಿಸುತ್ತಿದೆ. ಚಿತ್ರ ಮತ್ತೊಮ್ಮೆ ನೋಡಲು ಸಿಕ್ಕರೆ ಹ್ಯಾಯ್ರಿನೆನ್ ಅವರ ಮುಖ ಬಿಟ್ಟು ಅವರ ಬೆನ್ನ ಹಿಂದಿನ ಗೋಡೆಯನ್ನೇ ನೋಡುತ್ತ ಕುಳಿತುಕೊಳ್ಳಿ. ಕಂಡಿದ್ದನ್ನು ಬರೆದು ಕಳಿಸಿ, ಈ ಅಂಕಣದಲ್ಲೇ ಅಚ್ಚು ಹಾಕುತ್ತೇನೆ.

– ಸಂಪಾದಕ